ಒಳಗಿನವನ ಕ್ಯಾಮೆರಾ

ನಾರ್ವೆಯ ಬರ್ಗೆನ್ ಪಟ್ಟಣ. ಮಬ್ಬು ಬೆಳಕಿನ ಕೋಣೆಯೊಂದರಲ್ಲಿ ಉದ್ದ ಕೂದಲಿನ ಆಸಾಮಿಯೊಬ್ಬ ಕೆಂಪು ವೈನಿನ ಲೋಟ ಹಿಡಿದು ಕೂತಿದ್ದಾನೆ. ಹೆಸರು ಗಾಲ್, ‘ಗೊರ್ಗೊರೋತ್’ ಎಂಬ ಬ್ಲ್ಯಾಕ್ ಮೆಟಲ್ ತಂಡದ ಹಾಡುಗಾರ. ನಿಮ್ಮ ಸಂಗೀತಕ್ಕೆ ಪ್ರೇರಣೆಯಾದ ಮೂಲ ವಿಚಾರ ಯಾವುದು ಎಂದು ಎದುರಿಗೆ ಕೂತವನು ಕೇಳುತ್ತಾನೆ. ಗಾಲ್ ಬಾಯಿ ಬಿಡುವುದಿಲ್ಲ, ಕಣ್ಣನ್ನೂ ಕದಲಿಸುವುದಿಲ್ಲ. ಪ್ರೇಕ್ಷಕ ಕುರ್ಚಿಯಲ್ಲಿ ಮಿಸುಕಾಡುವಷ್ಟು ಹೊತ್ತು ಕಳೆದ ಮೇಲೆ ಒಂದೇ ಪದ ಹೊರಬೀಳುತ್ತದೆ: ‘ಸೇಟನ್’. ಹೇಳಿದ್ದೇ ಲೋಟ ತುಟಿಗೆ ಹೋಗುತ್ತದೆ.

ಸೈತಾನನ ಹೆಸರು ಕೇಳಿ ಕೆಲವರು ಬೆಚ್ಚಿದರು, ಬಹಳಷ್ಟು ಜನ ನಕ್ಕರು. ಮೆಟಲ್ ಸಂಗೀತದ ಮೇಲೆ ಬಂದಿರುವ ಸಾಕ್ಷ್ಯಚಿತ್ರಗಳಲ್ಲಿ ಇಷ್ಟು ಮರುಪ್ರಸಾರ ಕಂಡ, ಇಷ್ಟು ಗೇಲಿಗೊಳಗಾದ ತುಣುಕು ಬೇರೊಂದಿರಲಾರದು. ಆದರೆ ಅದರಲ್ಲಿ ಗಮನಿಸಬೇಕಾದ್ದು ಉತ್ತರವಲ್ಲ, ಉತ್ತರಕ್ಕೂ ಮುಂಚಿನ ಬಿಡುವು. ಟಿವಿ ವರದಿಗಾರನಾಗಿದ್ದರೆ ನಡುವೆ ಬಾಯಿ ಹಾಕಿ ಇನ್ನೊಂದು ಪ್ರಶ್ನೆ ಕೇಳಿಬಿಡುತ್ತಿದ್ದ, ಇಲ್ಲವೇ ಎಡಿಟಿಂಗ್ ಟೇಬಲ್ಲಿನಲ್ಲಿ ಆ ಖಾಲಿ ಸೆಕೆಂಡುಗಳನ್ನು ಕತ್ತರಿಸಿ ಎಸೆಯುತ್ತಿದ್ದ. ಇಲ್ಲಿ ಪ್ರಶ್ನೆ ಕೇಳಿದವನು ಸುಮ್ಮನೆ ಕಾದ. ಅವನು ಬೇಸ್ ಗಿಟಾರ್ ವಾದಕ. ಯಾವಾಗ ನುಡಿಸಬೇಕು ಎಂಬುದಕ್ಕಿಂತ ಯಾವಾಗ ನುಡಿಸಬಾರದು ಎಂಬುದೇ ಆ ವಾದ್ಯದವರಿಗೆ ಮೊದಲು ರೂಢಿಯಾಗುವ ಪಾಠ.

ಅವನ ಹೆಸರು ಸ್ಯಾಮ್ ಡನ್. ಕೆನಡಾದ ಪಶ್ಚಿಮ ಕರಾವಳಿಯ ವಿಕ್ಟೋರಿಯಾದಲ್ಲಿ ಬೆಳೆದವನು, ಹನ್ನೆರಡನೇ ವಯಸ್ಸಿಗೆ ಮೆಟಲ್ ಹುಚ್ಚು ಹತ್ತಿಸಿಕೊಂಡವನು. ‘ಬರ್ನ್ ಟು ಬ್ಲ್ಯಾಕ್’ ಎಂಬ ತಂಡದಲ್ಲಿ ಬೇಸ್ ನುಡಿಸಿದ. ಜೊತೆಗೆ ಟೊರಾಂಟೊದ ಯಾರ್ಕ್ ವಿಶ್ವವಿದ್ಯಾಲಯದಲ್ಲಿ ಮಾನವಶಾಸ್ತ್ರ ಓದಿದ. ಸ್ನಾತಕೋತ್ತರ ಅಧ್ಯಯನದ ವಿಷಯ ಗ್ವಾಟೆಮಾಲಾದ ನಿರಾಶ್ರಿತರು. ದೂರದೇಶದ ಜನರ ಬದುಕನ್ನು ಅಷ್ಟು ಶ್ರದ್ಧೆಯಿಂದ ಅಭ್ಯಾಸ ಮಾಡಬಹುದಾದರೆ, ತಾನು ಬೆಳೆದ, ಎಲ್ಲರೂ ಮೂಗು ಮುರಿಯುವ ಈ ಕುಲವನ್ನು ಯಾಕೆ ಮಾಡಬಾರದು? ಈ ಪ್ರಶ್ನೆಯೇ 2005ರಲ್ಲಿ ‘ಮೆಟಲ್: ಎ ಹೆಡ್‌ಬ್ಯಾಂಗರ್ಸ್ ಜರ್ನಿ’ ಎಂಬ ಸಾಕ್ಷ್ಯಚಿತ್ರವಾಗಿ ಟೊರಾಂಟೊ ಚಲನಚಿತ್ರೋತ್ಸವದಲ್ಲಿ ತೆರೆಗೆ ಬಂತು. ಸ್ಕಾಟ್ ಮೆಕ್‌ಫ್ಯಾಡಿಯನ್ ಮತ್ತು ಜೆಸ್ಸಿಕಾ ಜಾಯ್ ವೈಸ್ ಸಹನಿರ್ದೇಶಕರು.

ತನ್ನವರನ್ನೇ ಅಧ್ಯಯನ ಮಾಡುವ ಪೇಚು ನಮ್ಮವರಿಗೆ ಹೊಸದೇನಲ್ಲ. 1948ರಲ್ಲಿ ಮೈಸೂರು ಸೀಮೆಯ ‘ರಾಮಪುರ’ದಲ್ಲಿ ಹೋಗಿ ಕೂತ ಸಮಾಜಶಾಸ್ತ್ರಜ್ಞ ಎಂ.ಎನ್. ಶ್ರೀನಿವಾಸರು ಸ್ವಂತ ಸಮಾಜವನ್ನು ನೋಡುವವನ ತೊಡಕುಗಳ ಬಗ್ಗೆ ಸಾಕಷ್ಟು ಬರೆದಿದ್ದಾರೆ. ಬಾಗಿಲು ಸುಲಭವಾಗಿ ತೆರೆಯುತ್ತದೆ, ಕಣ್ಣು ತೆರೆಯುವುದು ಕಷ್ಟ. ಡನ್‌ಗೆ ಎದುರಾದದ್ದೂ ಇದೇ. ಆದರೆ ಅವನು ಹೊಕ್ಕ ಊರಿನಲ್ಲಿ ಬೆಂಕಿ ಬಿದ್ದಿತ್ತು, ಕೊಲೆಗಳೂ ನಡೆದಿದ್ದವು.

ಗಾಲ್ ಹಾಡುವ ಬ್ಲ್ಯಾಕ್ ಮೆಟಲ್ ಸೇರುವ ಎಕ್ಸ್‌ಟ್ರೀಮ್ ಮೆಟಲ್ ಎಂದರೆ ಏನೆಂದು ಇಲ್ಲಿ ಒಂದಿಷ್ಟು ಹೇಳಬೇಕು. ಎಪ್ಪತ್ತರ ದಶಕದ ಹೆವಿ ಮೆಟಲ್ಲನ್ನು ಎಂಬತ್ತರ ದಶಕದ ಹುಡುಗರು ಸಹಿಸಲಸಾಧ್ಯ ಎನ್ನುವ ಗಡಿಯವರೆಗೆ ಎಳೆದುಕೊಂಡು ಹೋದರು. ಥ್ರ್ಯಾಶ್‌ನವರು ವೇಗ ಹೆಚ್ಚಿಸಿದರು. ಡೆತ್ ಮೆಟಲ್‌ನವರು ಗಿಟಾರಿನ ತಂತಿ ಸಡಿಲಿಸಿ ಶ್ರುತಿಯನ್ನು ಪಾತಾಳಕ್ಕಿಳಿಸಿದರು. ಗಂಟಲಿನಲ್ಲಿ ನಿಜವಾದ ಸ್ವರತಂತುಗಳ ಮೇಲಿರುವ ‘ಸುಳ್ಳು’ ಮಡಿಕೆಗಳನ್ನೂ ಕಂಪಿಸಿ ಗುರುಗುಟ್ಟುವ ಹಾಡಿಕೆ ಇವರದು. ಗ್ರೈಂಡ್‌ಕೋರ್‌ನವರು ಹಾಡನ್ನೇ ತುಂಡರಿಸಿದರು. ಇಂಗ್ಲೆಂಡಿನ ನೇಪಾಮ್ ಡೆತ್ ತಂಡದ ಒಂದು ಹಾಡು ಒಂದೂ ಚಿಲ್ಲರೆ ಸೆಕೆಂಡಿನಲ್ಲಿ ಮುಗಿದು ಗಿನ್ನೆಸ್ ದಾಖಲೆ ಸೇರಿದೆ. ಡ್ರಮ್ಮಿನ ಕಡೆ ಕಿವಿಗೊಟ್ಟರೆ ‘ಬ್ಲಾಸ್ಟ್ ಬೀಟ್’ ಕೇಳುತ್ತದೆ: ಕಾಲಿನ ಏಟು, ಸ್ನೇರ್ ಮೇಲಿನ ಏಟು, ಸಿಂಬಲ್ ಮೇಲಿನ ಏಟು ಒಂದರ ಬೆನ್ನಿಗೊಂದು ಎಷ್ಟು ದಟ್ಟವಾಗಿ ಬೀಳುತ್ತವೆಂದರೆ, ತಾಳ ಕರಗಿ ಒಂದು ಮೊರೆತವಷ್ಟೇ ಉಳಿಯುತ್ತದೆ. ನಾರ್ವೆಯ ಬ್ಲ್ಯಾಕ್ ಮೆಟಲ್‌ನವರು ತೊಂಬತ್ತರ ದಶಕದ ಆರಂಭದಲ್ಲಿ ಇದಕ್ಕೆ ಚಳಿಗಾಲದ ಶೀತವನ್ನೂ, ಬೇಕೆಂದೇ ಕೆಡಿಸಿದ ಧ್ವನಿಮುದ್ರಣವನ್ನೂ, ಶವದಂತೆ ಕಾಣುವ ಕಪ್ಪು-ಬಿಳಿ ಮುಖವರ್ಣವನ್ನೂ ಸೇರಿಸಿದರು.

ಹೊರಗಿನವರಿಗೆ ಇದೆಲ್ಲ ಒಂದೇ ಗದ್ದಲ. ಒಳಗಿನವರಿಗೆ ಜಾತಿ, ಉಪಜಾತಿ, ಗೋತ್ರ, ಸೂತ್ರ ಎಲ್ಲ ಇದೆ! ಡನ್ ಮಾಡಿದ ಮೊದಲ ಕೆಲಸವೇ ಈ ವಂಶವೃಕ್ಷವನ್ನು ಚಾರ್ಟ್ ಮಾಡಿ ಪರದೆಯ ಮೇಲೆ ಹರಡಿದ್ದು. ಯಾವ ತಂಡ ಯಾವ ಕೊಂಬೆಗೆ ಸೇರಬೇಕು ಎಂಬ ಜಗಳ ಅಲ್ಲಿಂದ ಶುರುವಾದದ್ದು ಇನ್ನೂ ನಿಂತಿಲ್ಲ.

ಈ ಚಿತ್ರದ ಲವಲವಿಕೆ ಇರುವುದು ಸಣ್ಣ ಸಣ್ಣ ಭೇಟಿಗಳಲ್ಲಿ. ಗಾಯಕ ರೋನಿ ಜೇಮ್ಸ್ ಡಿಯೊ ತೋರುಬೆರಳು ಮತ್ತು ಕಿರುಬೆರಳು ನಿಮಿರಿಸಿ, ಈ ‘ಕೊಂಬಿನ’ ಮುದ್ರೆ ತನಗೆ ಎಲ್ಲಿಂದ ಬಂತೆಂದು ವಿವರಿಸುತ್ತಾನೆ. ಸೈತಾನನಿಂದಲ್ಲ, ಇಟಲಿ ಮೂಲದ ಅಜ್ಜಿಯಿಂದ. ಕೆಟ್ಟ ಕಣ್ಣು ತಾಗದಿರಲೆಂದು ಆಕೆ ಬೀದಿಯಲ್ಲಿ ಹೋಗುವಾಗ ಹಾಗೆ ಬೆರಳು ಮಾಡುತ್ತಿದ್ದಳಂತೆ. ನಮ್ಮಲ್ಲಿ ಮನೆ ಮುಂದೆ ಬೂದುಗುಂಬಳ ಕಟ್ಟುತ್ತಾರೆ, ಮಗುವಿನ ಕೆನ್ನೆಗೆ ಕಾಡಿಗೆ ಬೊಟ್ಟಿಡುತ್ತಾರೆ. ಇಟಲಿಯ ಅಜ್ಜಿಯದೂ ಅದೇ ಕಾಳಜಿ. ದೃಷ್ಟಿ ನಿವಾರಣೆಯ ಮುದ್ರೆ ಡಿಯೊ ಹಾಡುತ್ತಿದ್ದ ಬ್ಲ್ಯಾಕ್ ಸಬಾತ್ ತಂಡದ ವೇದಿಕೆ ಹತ್ತಿ ಜಗತ್ತಿನ ಲಕ್ಷಾಂತರ ಹುಡುಗರ ಕೈಗೆ ಬಂತು. ಇದೇ ಚಿತ್ರದಲ್ಲಿ ‘ಕಿಸ್’ ತಂಡದ ಜೀನ್ ಸಿಮನ್ಸ್, ಅದನ್ನು ಮೊದಲು ಮಾಡಿದ್ದು ತಾನೇ ಎನ್ನುತ್ತಾನೆ. ಈತ 2017ರಲ್ಲಿ ಅಮೆರಿಕದಲ್ಲಿ ಅಂಥದೊಂದು ಮುದ್ರೆಗೆ ಟ್ರೇಡ್‌ಮಾರ್ಕ್ ಕೇಳಿ ಅರ್ಜಿ ಹಾಕಿದ, ನಗೆಪಾಟಲಾಗಿ ವಾಪಸು ಪಡೆದ.

ಸಂಗೀತಗಾರನ ಕಿವಿ ಕೆಲಸ ಮಾಡುವ ಇನ್ನೊಂದು ಜಾಗ, ಮೆಟಲ್ಲಿಗೆ ಆ ಕರಾಳ ಛಾಯೆ ಬಂದದ್ದು ಹೇಗೆ ಎಂಬ ಭಾಗ. ಬ್ಲ್ಯಾಕ್ ಸಬಾತ್‌ನ ಗಿಟಾರ್ ವಾದಕ ಟೋನಿ ಅಯೋಮಿ ಬರ್ಮಿಂಗ್‌ಹ್ಯಾಮಿನ ತಗಡಿನ ಕಾರ್ಖಾನೆಯಲ್ಲಿ ದುಡಿಯುವಾಗ ಬಲಗೈಯ ಎರಡು ಬೆರಳ ತುದಿ ಕಳೆದುಕೊಂಡವನು. ಎಡಗೈಯಲ್ಲಿ ಮೀಟುವ ಅವನಿಗೆ ತಂತಿ ಒತ್ತುವ ಕೈಯೇ ಬಲಗೈ. ಪ್ಲಾಸ್ಟಿಕ್ ಕರಗಿಸಿ ಬೆರಳಿಗೆ ಟೋಪಿ ಮಾಡಿಕೊಂಡ, ತೆಳು ತಂತಿ ಹಾಕಿದ, ಮುಂದೆ ಶ್ರುತಿಯನ್ನೂ ಇಳಿಸಿದ. ಆ ಭಾರದ ನಾದಕ್ಕೆ ‘ಟ್ರೈಟೋನ್’ ಎಂಬ ಸ್ವರಾಂತರ ಸೇರಿತು. ಮಧ್ಯಯುಗದ ಚರ್ಚು ಇದನ್ನು ಸೈತಾನನ ಸ್ವರವೆಂದು ನಿಷೇಧಿಸಿತ್ತು ಎಂಬ ಕತೆ ಮೆಟಲ್ ಲೋಕದಲ್ಲಿ ಬಲು ಜನಪ್ರಿಯ. ನಿಷೇಧದ ಮಾತಿಗೆ ಗಟ್ಟಿ ಆಧಾರವಿಲ್ಲ. ತಪ್ಪಿಸಬೇಕಾದ ಅಪಸ್ವರವೆಂದು ಪರಿಗಣಿಸುತ್ತಿದ್ದದ್ದು ನಿಜ. ಕರ್ನಾಟಕ ಸಂಗೀತ ಬಲ್ಲವರು ಇಲ್ಲಿ ಮುಗುಳ್ನಗಬಹುದು. ಷಡ್ಜದಿಂದ ಪ್ರತಿಮಧ್ಯಮಕ್ಕೆ ಇರುವ ದೂರವೇ ಈ ಟ್ರೈಟೋನ್. 72 ಮೇಳಕರ್ತಗಳಲ್ಲಿ 36 ಈ ಪ್ರತಿಮಧ್ಯಮದವೇ. ಯುರೋಪಿನಲ್ಲಿ ಸೈತಾನನ ಪಾಲಿಗೆ ಹೋದದ್ದು ನಮ್ಮ ಕಚೇರಿಗಳಲ್ಲಿ ಕಲ್ಯಾಣಿಯಾಗಿ ಕೂತಿದೆ.

ಇಷ್ಟೆಲ್ಲ ಉಲ್ಲಾಸದಿಂದ ಸಾಗುವ ಚಿತ್ರ ನಾರ್ವೆಗೆ ಬಂದಾಗ ಸ್ವಲ್ಪ ಗಂಭೀರವಾಗುತ್ತದೆ. ಆಗಲೇಬೇಕು. 1992ರ ಜೂನ್ 6ರಂದು ಬರ್ಗೆನ್ ಬಳಿಯ ಫಾಂಟೋಫ್ಟ್ ಎಂಬಲ್ಲಿ ಹನ್ನೆರಡನೇ ಶತಮಾನದ ಮರದ ಚರ್ಚು ಸುಟ್ಟು ಬೂದಿಯಾಯಿತು. ಅದರ ಬೆನ್ನಿಗೆ ಮತ್ತಷ್ಟು ಚರ್ಚುಗಳು ಉರಿದವು. ಫಾಂಟೋಫ್ಟಿನ ಕರಕಲು ಅವಶೇಷದ ಚಿತ್ರ ಮರುವರ್ಷ ‘ಬರ್ಜಮ್’ ಎಂಬ ಏಕವ್ಯಕ್ತಿ ತಂಡದ ಧ್ವನಿಮುದ್ರಿಕೆಯ ಮುಖಪುಟವಾಯಿತು. ಆ ಏಕವ್ಯಕ್ತಿ ವಾರ್ಗ್ ವಿಕರ್ನೆಸ್. 1993ರ ಆಗಸ್ಟ್ 10ರಂದು ಈತ ಓಸ್ಲೊದಲ್ಲಿ ‘ಮೇಹೆಮ್’ ತಂಡದ ಯೂರೋನಿಮಸ್‌ನನ್ನು ಇರಿದು ಕೊಂದ. ಕೊಲೆ ಮತ್ತು ಚರ್ಚು ಸುಟ್ಟ ಅಪರಾಧಗಳಿಗೆ 1994ರಲ್ಲಿ 21 ವರ್ಷ ಶಿಕ್ಷೆಯಾಯಿತು. ಅದು ಆಗ ನಾರ್ವೆಯ ಗರಿಷ್ಠ ಶಿಕ್ಷೆಯಾಗಿತ್ತು. ಯೂರೋನಿಮಸ್ ಓಸ್ಲೊದಲ್ಲಿ ‘ಹೆಲ್ವೆಟೆ’ ಎಂಬ ರೆಕಾರ್ಡ್ ಅಂಗಡಿ ನಡೆಸುತ್ತಿದ್ದ; ಈ ಹುಡುಗರ ಕಟ್ಟೆ ಅದು. ಅವರಲ್ಲಿ ಹೆಚ್ಚಿನವರಿಗೆ ಆಗ ಇಪ್ಪತ್ತರ ಆಸುಪಾಸು.

ಡನ್ ಇಲ್ಲಿ ಗಾಲ್‌ನ ಎದುರು ಕೂರುತ್ತಾನೆ, ‘ಎಂಪರರ್’ ತಂಡದ ಇಸಾನ್‌ನನ್ನೂ ಮಾತಾಡಿಸುತ್ತಾನೆ. ಚರ್ಚು ಸುಟ್ಟದ್ದನ್ನು ಗಾಲ್ ಯಾವ ಮುಲಾಜೂ ಇಲ್ಲದೆ ಸಮರ್ಥಿಸುತ್ತಾನೆ. ಜರ್ಮನಿಯ ವಾಕೆನ್ ಎಂಬ ಪುಟ್ಟ ಹಳ್ಳಿಯಲ್ಲಿ ಪ್ರತಿ ಬೇಸಿಗೆ ನಡೆಯುವ ದೊಡ್ಡ ಮೆಟಲ್ ಜಾತ್ರೆಯಲ್ಲಿ ಮೇಹೆಮ್‌ನವರನ್ನು ಹಿಡಿದಾಗ ಅವರು ಚೆನ್ನಾಗಿ ಕುಡಿದಿದ್ದರು. ಪ್ರಶ್ನೆಗೆ ಉತ್ತರವಾಗಿ ಬಂದದ್ದು ಬರೀ ಬೈಗುಳ. ಡನ್ ಅದನ್ನೂ ಹಾಗೇ ಇಟ್ಟ. ತಾನು ಹುಡುಗನಾಗಿದ್ದಾಗಿನಿಂದ ಆರಾಧಿಸಿದ ಲೋಕದವರು ಕ್ಯಾಮೆರಾ ಮುಂದೆ ತೂರಾಡುವುದನ್ನು ಅಭಿಮಾನಿ ಮುಚ್ಚಿಡುತ್ತಾನೆ, ಶತ್ರು ಅದನ್ನೇ ಪೋಸ್ಟರ್ ಮಾಡುತ್ತಾನೆ. ಇವನು ಎರಡೂ ಮಾಡಲಿಲ್ಲ. ಇದೊಂದು ದೃಶ್ಯ ಅಲ್ಲಿದೆ, ಇನ್ನೊಂದು ಕಡೆ ತನ್ನ ಕಲೆಯ ಬಗ್ಗೆ ಅಳೆದು ತೂಗಿ ಮಾತಾಡುವ ಇಸಾನ್ ಇದ್ದಾನೆ. ನೋಡುವವನು ತೂಗಿಕೊಳ್ಳಲಿ.

ಅದೇ ನೆಲಕ್ಕೆ ಇನ್ನೊಬ್ಬ ಸಂಗೀತಗಾರನೂ ಕ್ಯಾಮೆರಾ ಹೊತ್ತು ಹೋಗಿದ್ದ. ಅಮೆರಿಕದ ಆರನ್ ಏಟ್ಸ್. ‘ಇರಾನ್’ ಎಂಬ ಹೆಸರಿನ ಪ್ರಾಯೋಗಿಕ ರಾಕ್ ತಂಡ ಕಟ್ಟಿದವನು; ಮುಂದೆ ‘ಟಿವಿ ಆನ್ ದಿ ರೇಡಿಯೊ’ ತಂಡದಲ್ಲಿ ಹೆಸರಾದ ಕಿಪ್ ಮಲೋನ್ ಅದರಲ್ಲಿ ನುಡಿಸಿದ್ದ. ಮನೆಯಲ್ಲೇ ಮಾಡಿದ ಒರಟು ಧ್ವನಿಮುದ್ರಣ, ಗಿಟಾರಿನ ಗೊರಗೊರ, ಟೇಪಿನ ಹಿಸ್ ಸದ್ದು ಈ ತಂಡದ ಗುರುತು. ಸ್ಟುಡಿಯೊದ ನಯನಾಜೂಕನ್ನು ಧಿಕ್ಕರಿಸಿದ ನಾರ್ವೆಯವರ ಧ್ವನಿ ಇವನ ಕಿವಿಗೆ ಸಲೀಸಾಗಿ ಹೊಂದಿದ್ದರಲ್ಲಿ ಆಶ್ಚರ್ಯವಿಲ್ಲ. ಸಂಗಾತಿ ಆಡ್ರಿ ಯೂವೆಲ್ ಜೊತೆ ಏಟ್ಸ್ ನಾರ್ವೆಗೇ ಹೋಗಿ ವರ್ಷಗಟ್ಟಲೆ ನೆಲೆಸಿದ. ಅಲ್ಲಿ ಹುಟ್ಟಿದ ‘ಅನ್‌ಟಿಲ್ ದಿ ಲೈಟ್ ಟೇಕ್ಸ್ ಅಸ್’ 2008ರಲ್ಲಿ ಮೊದಲ ಪ್ರದರ್ಶನ ಕಂಡಿತು.

ಡನ್‌ನ ಚಿತ್ರ ವಾಚಾಳಿ. ನಿರೂಪಣೆ, ಚಾರ್ಟು, ಪ್ರಾಧ್ಯಾಪಕರು, ಪ್ರವಾಸ ಎಲ್ಲ ಇದೆ. ಏಟ್ಸ್-ಯೂವೆಲ್ ಚಿತ್ರದಲ್ಲಿ ನಿರೂಪಕನೇ ಇಲ್ಲ. ‘ಡಾರ್ಕ್‌ಥ್ರೋನ್’ ತಂಡದ ಫೆನ್ರಿಸ್ ರೈಲಿನಲ್ಲಿ ಕೂರುತ್ತಾನೆ, ಬೀದಿಯಲ್ಲಿ ನಡೆಯುತ್ತಾನೆ. ತಾವು ಕೋಣೆಯಲ್ಲಿ ಕೂತು ಮಾಡಿದ್ದು ಕಲಾವಿದ ಬಿಯಾರ್ನೆ ಮೆಲ್ಗಾರ್ಡ್‌ನ ಗ್ಯಾಲರಿ ಗೋಡೆಯ ಮೇಲೆ ಕಲಾವಸ್ತುವಾಗಿ ತೂಗುವುದನ್ನು ನೋಡಿ ಏನು ಹೇಳಬೇಕೆಂದು ತೋಚದೆ ನಿಲ್ಲುತ್ತಾನೆ. ಇನ್ನೊಂದು ಕಡೆ ‘ಸಟೈರಿಕಾನ್’ ತಂಡದ ಡ್ರಮ್ಮರ್ ಫ್ರಾಸ್ಟ್ ಇಟಲಿಯ ಮಿಲಾನ್‌ನಲ್ಲಿ ಕಲಾಪ್ರದರ್ಶನದ ಹೆಸರಿನಲ್ಲಿ ಬೆಂಕಿ ಉಗುಳಿ, ಸೋಫಾ ಇರಿದು, ತನ್ನ ಮೈಯನ್ನೂ ಕೊಯ್ದುಕೊಳ್ಳುತ್ತಾನೆ. ಇಡೀ ಒಂದು ಚಳವಳಿ ವೇಷವಾಗಿ, ವೇಷ ಸರಕಾಗಿ ಬದಲಾದದ್ದನ್ನು ಒಂದೇ ಒಂದು ವಿವರಣೆಯ ಸಾಲಿಲ್ಲದೆ ಈ ದೃಶ್ಯಗಳು ಕಾಣಿಸುತ್ತವೆ. ಸಿನಿಮಾ ಕಸುಬಿನ ಲೆಕ್ಕದಲ್ಲಿ ಇದು ಡನ್‌ನ ಚಿತ್ರಕ್ಕಿಂತ ಒಂದು ಕೈ ಮೇಲು.

ಆದರೂ ಇಷ್ಟು ವರ್ಷಗಳ ಮೇಲೆ ಎರಡನ್ನೂ ನೋಡಿದರೆ, ವಾಚಾಳಿ ಚಿತ್ರವೇ ಹೆಚ್ಚು ನಂಬಿಕೆಗೆ ಅರ್ಹವೆನಿಸುತ್ತದೆ. ಕಾರಣ ವಿಕರ್ನೆಸ್. ಚಿತ್ರೀಕರಣದ ಹೊತ್ತಿಗೆ ಅವನು ಜೈಲಿನಲ್ಲಿದ್ದ. ಏಟ್ಸ್-ಯೂವೆಲ್ ಚಿತ್ರ ಅವನಿಗೆ ಧಾರಾಳ ಸಮಯ ಕೊಡುತ್ತದೆ. ಮಾತುಗಾರ, ನಗುಮುಖ, ಒಳ್ಳೆಯ ವಾದಪಟು. ಧ್ವನಿಮುದ್ರಣಕ್ಕೆ ಸ್ಟುಡಿಯೊದಲ್ಲಿ ಸಿಗುವ ಅತ್ಯಂತ ಕೆಟ್ಟ ಮೈಕ್ ಕೇಳಿದ್ದನ್ನು ಅವನು ಹೇಳುವಾಗ ನಮಗೂ ನಗು ಬರುತ್ತದೆ. ಸಂಗೀತದ ಮಾತಿಗೆ ಅಡ್ಡಿಯಿಲ್ಲ. ಆದರೆ ಕೊಲೆಯನ್ನೂ ಅವನು ಅದೇ ಸಲೀಸಿನಲ್ಲಿ ವರ್ಣಿಸುತ್ತಾನೆ, ಎದುರಿಗಿದ್ದವರು ಮರುಪ್ರಶ್ನೆ ಹಾಕುವುದಿಲ್ಲ. ಅವನ ಜನಾಂಗೀಯ ದ್ವೇಷದ ವಿಚಾರಗಳನ್ನು ಚಿತ್ರ ಹೆಚ್ಚುಕಡಿಮೆ ದಾಟಿಕೊಂಡೇ ಹೋಗುತ್ತದೆ. ಹಲವು ವಿಮರ್ಶಕರು ಆಗಲೇ ಇದನ್ನು ಎತ್ತಿ ಆಡಿದ್ದರು. 2009ರಲ್ಲಿ ಪೆರೋಲ್ ಮೇಲೆ ಹೊರಬಂದು ಫ್ರಾನ್ಸಿಗೆ ಹೋದ ವಿಕರ್ನೆಸ್, ಜನಾಂಗ ದ್ವೇಷ ಪ್ರಚೋದಿಸಿದ ಅಪರಾಧಕ್ಕೆ 2014ರಲ್ಲಿ ಅಲ್ಲಿನ ನ್ಯಾಯಾಲಯದಲ್ಲಿ ಶಿಕ್ಷೆಗೊಳಗಾದ. ಸುಮ್ಮನಿರುವ ಕ್ಯಾಮೆರಾ ಎಲ್ಲರ ಮುಂದೆಯೂ ಒಂದೇ ರೀತಿ ಕೆಲಸ ಮಾಡುವುದಿಲ್ಲ. ಗಾಲ್‌ನಂಥ ಮಿತಭಾಷಿಯ ಎದುರು ಮೌನ ಅವನನ್ನು ಬಯಲಿಗೆಳೆಯುತ್ತದೆ, ವಿಕರ್ನೆಸ್‌ನಂಥ ಮಾತುಗಾರನಿಗೆ ಅದೇ ಮೌನ ವೇದಿಕೆಯಾಗುತ್ತದೆ. ಏಟ್ಸ್ ಮತ್ತು ಯೂವೆಲ್ ಮುಂದೆ ವಾಲ್‌ಸ್ಟ್ರೀಟ್ ಪ್ರತಿಭಟನೆಯ ಕುರಿತು ಹಲವು ಚಿತ್ರಕಾರರನ್ನು ಕೂಡಿಸಿ ಮಾಡಿದ ಸಾಕ್ಷ್ಯಚಿತ್ರ 2013ರ ಸನ್‌ಡಾನ್ಸ್ ಉತ್ಸವದಲ್ಲಿ ತೆರೆಕಂಡಿತು. ಏಟ್ಸ್ 2016ರಲ್ಲಿ ತೀರಿಕೊಂಡ.

ದುಡ್ಡಿನ ಮಾತಿಗೆ ಬರೋಣ. ಸ್ವತಂತ್ರ ಸಾಕ್ಷ್ಯಚಿತ್ರಕ್ಕೆ ಕ್ಯಾಮೆರಾ ಬಾಡಿಗೆಗಿಂತ ದೊಡ್ಡ ತಲೆನೋವು ಹಾಡಿನ ಹಕ್ಕು. ಹತ್ತು ಸೆಕೆಂಡು ಹಾಡು ಬಳಸಬೇಕಾದರೂ ಎರಡು ಬಾಗಿಲು ತಟ್ಟಬೇಕು: ರಚನೆಯ ಹಕ್ಕಿರುವ ಪಬ್ಲಿಷರ್ ಒಬ್ಬ, ಆ ನಿರ್ದಿಷ್ಟ ಧ್ವನಿಮುದ್ರಣದ ಹಕ್ಕಿರುವ ಕಂಪನಿ ಇನ್ನೊಂದು. ಇಬ್ಬರಲ್ಲಿ ಒಬ್ಬ ತಲೆಯಾಡಿಸದಿದ್ದರೂ ದೃಶ್ಯ ಬಿತ್ತು. ಸಂಗೀತದ ಬಗ್ಗೆಯೇ ಸಿನಿಮಾ ಮಾಡುವವನಿಗೆ ಹಾಡಿಲ್ಲದೆ ಗತಿಯಿಲ್ಲ. ಸಿನಿಮಾಗಳಿಗೆ ಹಾಡು ಆರಿಸಿ ಹಕ್ಕು ತಂದುಕೊಡುವ ಮ್ಯೂಸಿಕ್ ಸೂಪರ್‌ವೈಸರ್ ಕೆಲಸ ಮಾಡಿದ್ದ ಮೆಕ್‌ಫ್ಯಾಡಿಯನ್ ಜೊತೆಗಿದ್ದದ್ದು ಡನ್‌ನ ಅದೃಷ್ಟ. ಇಬ್ಬರೂ ಸೇರಿ ನಡೆಸಿದ ‘ಬ್ಯಾಂಗರ್ ಫಿಲ್ಮ್ಸ್’ ಟೊರಾಂಟೊದಲ್ಲಿ ನೆಲೆಯೂರಿತು.

ಇವರ ‘ಮೆಟಲ್ ಎವಲ್ಯೂಶನ್’ ಸರಣಿ 2011ರಲ್ಲಿ ವಿಎಚ್1 ಕ್ಲಾಸಿಕ್ ವಾಹಿನಿಯಲ್ಲಿ ಬಂತು. ಹನ್ನೊಂದು ಕಂತು. ಗ್ಲ್ಯಾಮ್ ಇತ್ತು, ಗ್ರಂಜ್ ಇತ್ತು, ನ್ಯೂ ಮೆಟಲ್ಲೂ ಇತ್ತು. ಎಕ್ಸ್‌ಟ್ರೀಮ್ ಮೆಟಲ್ಲಿಗೆ ಮಾತ್ರ ಕಂತಿಲ್ಲ! ಕೊರಳು ಹರಿದುಕೊಳ್ಳುವ ಈ ಸಂಗೀತಕ್ಕೆ ಟಿವಿಯವರು ದುಡ್ಡು ಹಾಕುವುದು ಅಷ್ಟರಲ್ಲೇ ಇತ್ತು. ಆಗ ಡನ್ ಮತ್ತು ಸಂಗಡಿಗರು ಅಭಿಮಾನಿಗಳ ಮುಂದೆ ಜೋಳಿಗೆ ಹಿಡಿದರು. ಆನ್‌ಲೈನ್ ಚಂದಾ ಎತ್ತಿ ‘ಎಕ್ಸ್‌ಟ್ರೀಮ್ ಮೆಟಲ್’ ಎಂಬ ಕಳೆದುಹೋದ ಕಂತನ್ನು 2014ರಲ್ಲಿ ಹೊರತಂದರು. ಮೊದಲಿಂದಲೂ ಈ ಕುಲ ಬದುಕಿದ್ದೇ ಹೀಗೆ. ಎಂಬತ್ತರ ದಶಕದಲ್ಲಿ ಬ್ರೆಜಿಲ್‌ನ ಹುಡುಗ ಸ್ವೀಡನ್ನಿನ ಹುಡುಗನಿಗೆ ಅಂಚೆಯಲ್ಲಿ ಡೆಮೊ ಕ್ಯಾಸೆಟ್ ಕಳಿಸುತ್ತಿದ್ದ, ಅವನು ಅದರ ಪ್ರತಿ ತೆಗೆದು ಮತ್ತೊಬ್ಬನಿಗೆ ದಾಟಿಸುತ್ತಿದ್ದ. ಜೆರಾಕ್ಸ್ ಮಾಡಿದ ಪತ್ರಿಕೆಗಳಲ್ಲಿ ವಿಳಾಸಗಳು ಓಡಾಡುತ್ತಿದ್ದವು.

ಆ ಕ್ಯಾಸೆಟ್ಟುಗಳ ಜಾಡು ಹಿಡಿದೇ ಡನ್ ಮತ್ತು ಮೆಕ್‌ಫ್ಯಾಡಿಯನ್‌ರ 2008ರ ‘ಗ್ಲೋಬಲ್ ಮೆಟಲ್’ ಚಿತ್ರ ಬ್ರೆಜಿಲ್, ಜಪಾನ್, ಚೀನಾ, ಇಂಡೋನೇಷ್ಯಾ, ಇಸ್ರೇಲ್, ದುಬೈ ಸುತ್ತಿ ಭಾರತಕ್ಕೂ ಬಂತು. ಬ್ರೆಜಿಲ್‌ನಲ್ಲಿ ಸೈನಿಕ ಆಡಳಿತ ಮುಗಿಯುತ್ತಿದ್ದ 1985ರಲ್ಲಿ ನಡೆದ ‘ರಾಕ್ ಇನ್ ರಿಯೊ’ ಉತ್ಸವ, ಜಕಾರ್ತಾದಲ್ಲಿ 1993ರ ಮೆಟಾಲಿಕಾ ತಂಡದ ಕಛೇರಿಯ ಹೊತ್ತಿಗೆ ಭುಗಿಲೆದ್ದ ಗಲಭೆ, ಮುಂಬಯಿಯಲ್ಲಿ ‘ಡಿಮಾನಿಕ್ ರೆಸರೆಕ್ಷನ್’ ತಂಡ, ಹೀಗೆ ಚಿತ್ರ ಊರೂರು ಅಲೆಯುತ್ತದೆ. ಮರುವರ್ಷದ ‘ಫ್ಲೈಟ್ 666’ ಐರನ್ ಮೇಡನ್ ತಂಡದ ಪ್ರವಾಸದ ಕತೆ. ಗಾಯಕ ಬ್ರೂಸ್ ಡಿಕಿನ್ಸನ್ ತಾನೇ ಪೈಲಟ್ ಆಗಿ ಓಡಿಸಿದ ಬೋಯಿಂಗ್ 757 ವಿಮಾನದಲ್ಲಿ ಹೊರಟ ಆ ಪ್ರವಾಸದ ಮೊದಲ ಕಛೇರಿ ನಡೆದದ್ದು 2008ರ ಫೆಬ್ರವರಿ 1ರಂದು ಮುಂಬಯಿಯಲ್ಲಿ. ಕೊಲಂಬಿಯಾದ ಬೊಗೊಟಾದಲ್ಲಿ ಡ್ರಮ್ಮರ್ ಎಸೆದ ಕೋಲು ಕೈಗೆ ಸಿಕ್ಕ ಅಭಿಮಾನಿಯೊಬ್ಬ ಬಿಕ್ಕಿ ಬಿಕ್ಕಿ ಅಳುವ ದೃಶ್ಯ ಇದರಲ್ಲಿದೆ. ತಾರೆಗಳ ಮೇಲಿದ್ದ ಕ್ಯಾಮೆರಾ ಅಲ್ಲಿಂದ ತಿರುಗಿ ಅವನ ಮುಖದ ಮೇಲೆ ನಿಲ್ಲುತ್ತದೆ. ತಾನೂ ಆ ಗುಂಪಿನಲ್ಲಿ ನಿಂತವನಿಗೆ ಮಾತ್ರ ಎತ್ತ ತಿರುಗಬೇಕೆಂದು ಗೊತ್ತಿರುತ್ತದೆ.

ಮುಂಬಯಿಗೂ ಮುಂಚೆ, 2007ರ ಮಾರ್ಚ್ 17ರಂದು ಐರನ್ ಮೇಡನ್ ಭಾರತದಲ್ಲಿ ಮೊದಲು ನುಡಿಸಿದ್ದು ಬೆಂಗಳೂರಿನ ಅರಮನೆ ಮೈದಾನದಲ್ಲಿ. ಮದುವೆ ಆರತಕ್ಷತೆ, ರಾಜಕೀಯ ಸಮಾವೇಶಗಳ ಆ ಮೈದಾನಕ್ಕೆ ಅಂದು ಕಪ್ಪು ಟೀಶರ್ಟುಗಳ ಪ್ರವಾಹವೇ ಹರಿದಿತ್ತು. 2011ರ ಅಕ್ಟೋಬರ್ 30ರಂದು ಮೆಟಾಲಿಕಾ ಕೂಡ ಅಲ್ಲೇ ನುಡಿಸಿತು. ಗುರುಗ್ರಾಮದ ಕಛೇರಿ ರದ್ದಾಗಿದ್ದರಿಂದ ಆ ಸಲ ಭಾರತದ ಪಾಲಿಗೆ ಉಳಿದದ್ದು ಬೆಂಗಳೂರೊಂದೇ. ಇವೆರಡೂ ಎಕ್ಸ್‌ಟ್ರೀಮ್ ಪಂಗಡದ ತಂಡಗಳಲ್ಲ ಎಂದು ಇಲ್ಲಿನ ಕಟ್ಟಾ ಮೆಟಲ್ ಮಂದಿ ತಕ್ಷಣ ತಿದ್ದಿಯಾರು. ಅವರಿಗೆ ಅವರದೇ ಚರಿತ್ರೆ ಇದೆ. ‘ಡೈಯಿಂಗ್ ಎಂಬ್ರೇಸ್’ ತೊಂಬತ್ತರ ದಶಕದ ಆರಂಭದಲ್ಲೇ ಈ ಊರಿನಲ್ಲಿ ಡೂಮ್-ಡೆತ್ ಮೆಟಲ್ ನುಡಿಸುತ್ತಿತ್ತು. 1998ರಲ್ಲಿ ಹುಟ್ಟಿದ ‘ಕ್ರಿಪ್ಟೋಸ್’ 2013ರಲ್ಲಿ ಅದೇ ವಾಕೆನ್ ವೇದಿಕೆ ಏರಿತು. 2012ರಿಂದ ‘ಬ್ಯಾಂಗಲೋರ್ ಓಪನ್ ಏರ್’ ಉತ್ಸವ ಶುರುವಾಗಿ, ಮೊದಲ ವರ್ಷವೇ ಜರ್ಮನಿಯ ಥ್ರ್ಯಾಶ್ ತಂಡ ‘ಕ್ರಿಯೇಟರ್’ ಬಂದು ನುಡಿಸಿತು.

ಡನ್ ಮುಂದೆ ಮೆಟಲ್ಲಿನ ಬೇಲಿ ದಾಟಿಯೂ ಕೆಲಸ ಮಾಡಿದ. ಬ್ಯಾಂಗರ್ ಸಂಸ್ಥೆ ತಯಾರಿಸಿದ ‘ಹಿಪ್-ಹಾಪ್ ಎವಲ್ಯೂಶನ್’ ಸರಣಿಗೆ ಪೀಬಡಿ ಮತ್ತು ಅಂತರರಾಷ್ಟ್ರೀಯ ಎಮ್ಮಿ ಪ್ರಶಸ್ತಿಗಳು ಬಂದಿವೆ. ಹಿಪ್-ಹಾಪ್ ಇವನು ಹುಟ್ಟಿ ಬೆಳೆದ ಮನೆಯಲ್ಲ. ಅಲ್ಲಿ ಕ್ಯಾಮೆರಾ ಮುಂದೆ ನಿಂತು ಪ್ರಶ್ನೆ ಕೇಳುವ ಕೆಲಸವನ್ನು ಆ ಲೋಕದವನೇ ಆದ ರ‍್ಯಾಪರ್ ಷ್ಯಾಡ್‌ಗೆ ಒಪ್ಪಿಸಲಾಯಿತು. ಇತ್ತ ಯೂಟ್ಯೂಬಿನ ‘ಲಾಕ್ ಹಾರ್ನ್ಸ್’ ಕಾರ್ಯಕ್ರಮದಲ್ಲಿ ಡನ್ ಹಳೆಯ ವಂಶವೃಕ್ಷದ ಚಾರ್ಟನ್ನು ಮತ್ತೆ ಬಿಚ್ಚಿ, ಪಂಗಡ ಪಂಗಡವನ್ನೂ ನೋಡುಗರ ಮುಂದಿಟ್ಟ. ಯಾವ ತಂಡ ಒಳಗೆ, ಯಾವುದು ಹೊರಗೆ ಎಂದು ಜಗತ್ತಿನ ನಾನಾ ಮೂಲೆಯ ಅಭಿಮಾನಿಗಳು ನೇರಪ್ರಸಾರದಲ್ಲೇ ಅವನೊಂದಿಗೆ ಜಗಳಕ್ಕಿಳಿದರು. ಅವನು ಪಟ್ಟಿ ತಿದ್ದುತ್ತಾ ಹೋದ.